ಮಠಭಂಗಾನಂತರ ಆಂಗ್ಲದೇಶದ ಯತಿಗಳೂ ಮಂತ್ರವಾದವೂ

ಹದಿನಾರನೆಯ ಶತಮಾನದ ಮತಸುಧಾರಣೆಯ ತರುವಾಯ ಮಠಗಳಿಂದ ಹೊರಬಿದ್ದ ಕ್ರೈಸ್ತ ಯತಿಗಳು ಹೊಟ್ಟೆಯ ಪಾಡಿಗಾಗಿ ಹಳ್ಳಿಹಳ್ಳಿಗಳಲ್ಲಿ ದೆವ್ವ ಬಿಡಿಸುವುದನ್ನೂ ತಾಯಿತ ಕಟ್ಟುವುದನ್ನೂ ನಿಧಿ ತೋರಿಸುವುದನ್ನೂ ವೃತ್ತಿಯಾಗಿ ಹಿಡಿದರೆಂಬ ಮಾತು ಯೂರೋಪಿನ ಚರಿತ್ರೆಯನ್ನು ಕುರಿತ ಬರೆಹಗಳಲ್ಲಿ ಆಗಾಗ ಕಾಣಬರುತ್ತದೆ. ಈ ಮಾತಿನಲ್ಲಿ ಸಂಗತಿಯೆಷ್ಟು, ನಿಂದೆಯೆಷ್ಟು ಎಂಬುದನ್ನು ವಿಂಗಡಿಸಿ ನೋಡುವುದೇ ಪ್ರಕೃತ ಲೇಖನದ ಉದ್ದೇಶ. ಸಂಸ್ಕೃತ ಪಾಠಶಾಲೆಯಲ್ಲಿ ಓದಿ ಬಂದ ನನಗೆ ಯೂರೋಪಿನ ಮತೇತಿಹಾಸವು ಸ್ವಕ್ಷೇತ್ರವಲ್ಲ. ಆದರೆ ಮಂತ್ರ, ದೀಕ್ಷೆ, ಅಧಿಕಾರ ಎಂಬ ಮೂರು ವಿಚಾರಗಳು ನಮ್ಮ ಶಾಸ್ತ್ರಗಳಲ್ಲಿ ಬಹುವಾಗಿ ಚರ್ಚಿತವಾಗಿವೆ. ಈ ಪ್ರಶ್ನೆಯ ಗಂಟೂ ಅಲ್ಲಿಯೇ ಇದೆಯೆಂದು ತೋರಿದುದರಿಂದ ಲೇಖನಿಯನ್ನು ಹಿಡಿದಿದ್ದೇನೆ. ವಿಷಯವು ಬಹು ವಿಸ್ತಾರವಾದುದರಿಂದ ಮುಖ್ಯವಾಗಿ ಆಂಗ್ಲದೇಶವೊಂದನ್ನೇ ತೆಗೆದುಕೊಳ್ಳುತ್ತೇನೆ.

ಮಠಗಳು ಜನರಿಗೆ ಏನಾಗಿದ್ದುವೆಂಬುದನ್ನು ಮೊದಲು ತಿಳಿಯಬೇಕು. ಅವು ಜಪತಪಗಳ ಸ್ಥಾನಗಳು ಮಾತ್ರವಾಗಿರಲಿಲ್ಲ. 1535ರಲ್ಲಿ ಎಂಟನೆಯ ಹೆನ್ರಿಯು ಮಠಗಳ ವಿಚಾರಣೆಗೆ ಕಳುಹಿದ ಅಧಿಕಾರಿಗಳ ಪೈಕಿ ರಿಚರ್ಡ್ ಲೇಟನ್ ಎಂಬವನು ಬ್ರೂಟನ್ ಮಠದಲ್ಲಿದ್ದ ಕೆಂಪು ರೇಷ್ಮೆಯ ಒಂದು ನಡುಕಟ್ಟನ್ನು ವಶಪಡಿಸಿಕೊಂಡನು. ಅದು ಮೇರಿಮಾತೆಯದೆಂದು ಜನರ ನಂಬಿಕೆ. ಪ್ರಸವವೇದನೆಯಲ್ಲಿರುವ ಹೆಂಗಸರ ಮನೆಗೆ ಅದನ್ನು ಕಳುಹಿಸಿಕೊಡುವ ಪದ್ಧತಿಯಿದ್ದಿತು. ಕಟ್ಟಿಕೊಂಡವಳಿಗೆ ಹೆರಿಗೆಯಲ್ಲಿ ಕೇಡಾಗದೆಂದು ಹೇಳುತ್ತಿದ್ದರು. ಬರಿ ಸೇಂಟ್ ಎಡ್ಮಂಡ್ಸ್ ಎಂಬ ದೊಡ್ಡ ಮಠದಲ್ಲಿ ಸಂತರ ಉಗುರಿನ ಚೂರುಗಳೂ, ಒಬ್ಬ ಸಂತನನ್ನು ಸುಟ್ಟ ಕೆಂಡಗಳೂ, ತಲೆನೋವಿಗೆ ಉಪಯೋಗಿಸುವ ತಲೆಬುರುಡೆಗಳೂ ಇದ್ದುವೆಂದು ಅದೇ ವರ್ಷ ಇನ್ನೊಬ್ಬ ಅಧಿಕಾರಿಯು ಬರೆದನು. ಬರೆದವರು ಹಾಸ್ಯಮಾಡಿ ಬರೆದಿದ್ದಾರೆ. ಆ ನಡುಕಟ್ಟು ಪೆಟ್ಟಿಗೆಯಲ್ಲಿ ಬಿದ್ದು ಲಂಡನ್ನಿಗೆ ಹೋದ ಮರುದಿನ ಬ್ರೂಟನ್ನಿನ ಸುತ್ತಮುತ್ತ ಹೆರಿಗೆಯ ನೋವು ನಿಂತಿತೇ ಎಂದು ಅವರಾರೂ ಕೇಳಲಿಲ್ಲ.

ಮುಂದಿನ ಕಥೆ ವೇಗವಾಗಿ ಸಾಗಿತು. 1536ರ ಶಾಸನದಿಂದ ವಾರ್ಷಿಕ ಉತ್ಪನ್ನವು 200 ಪೌಂಡುಗಳಿಗೆ ಕಡಮೆಯಾದ ಮಠಗಳು ರಾಜನ ಪಾಲಾದುವು. 1539ರ ಶಾಸನದಿಂದ ದೊಡ್ಡವುಗಳೂ ಹೋದುವು. 1540ರಲ್ಲಿ ವಾಲ್ಥಮ್ ಮಠವು ಕಟ್ಟಕಡೆಯದಾಗಿ ಮುಚ್ಚಲ್ಪಟ್ಟಿತು. ನಾಲ್ಕೇ ವರ್ಷಗಳಲ್ಲಿ ಸುಮಾರು 800 ಮಠಗಳು ಇಲ್ಲವಾದುವು. ಹೊರಬಿದ್ದ ಯತಿಗಳೂ ಭಿಕ್ಷುಗಳೂ ಸನ್ಯಾಸಿನಿಯರೂ ಹತ್ತು ಸಾವಿರಕ್ಕಿಂತ ಹೆಚ್ಚು. ದೊಡ್ಡ ಮಠದ ಸಾಮಾನ್ಯ ಯತಿಗೆ ವರ್ಷಕ್ಕೆ ಐದಾರು ಪೌಂಡುಗಳ ವೇತನ ಗೊತ್ತಾಯಿತು. 1538ರಲ್ಲಿ ನೆಲೆ ಕಳೆದುಕೊಂಡ ಭಿಕ್ಷುಗಳಿಗೆ ಸಾಮಾನ್ಯವಾಗಿ ಅದೂ ಇಲ್ಲ. ಯತಿಯಾಗಿದ್ದವನು ಮದುವೆಯಾಗುವಂತೆಯೂ ಇರಲಿಲ್ಲ. ಪಾದ್ರಿಗಳ ವಿವಾಹಕ್ಕೆ ಅನುಮತಿ ದೊರೆತುದು 1549ರಲ್ಲಿ. ಸತ್ತವರ ಹೆಸರಿನಲ್ಲಿ ಪೂಜೆ ಸಲ್ಲಿಸುವ ಸಣ್ಣ ದತ್ತಿಗಳ ಕೆಲಸವನ್ನು ಹಿಡಿದು ಬದುಕಿದವರು ಅನೇಕರು. 1547ರ ಶಾಸನದಿಂದ ಆ ದತ್ತಿಗಳೂ ರದ್ದಾದುವು. ಇದೇ ಸಮಯದಲ್ಲಿ ನಾಣ್ಯದ ಬೆಳ್ಳಿಯನ್ನು ಇಳಿಸಿದುದರಿಂದ ಧಾರಣೆವಾಸಿಗಳು ಏರಿ, ಐದು ಪೌಂಡುಗಳ ಬೆಲೆ ಕುಗ್ಗುತ್ತ ಹೋಯಿತು. ಹೊಟ್ಟೆಪಾಡು ಎಂಬ ಮಾತು ಇಷ್ಟರಮಟ್ಟಿಗೆ ನಿಜವೇ.

ಆದರೆ ಹಸಿವೊಂದರಿಂದಲೇ ಮನುಷ್ಯನು ಮಂತ್ರವಾದಿಯಾಗುವುದಿಲ್ಲ. ಜನರು ಅವನಲ್ಲಿಗೆ ಬರಬೇಕು. ಏಕೆ ಬಂದರೆಂಬುದಕ್ಕೆ ಉತ್ತರವು ದೀಕ್ಷೆಯಲ್ಲಿದೆ. ರೋಮನ್ ಚರ್ಚಿನ ಕ್ರಮದಲ್ಲಿ ಪಾದ್ರಿಯಾಗುವವನು ಮೊದಲು ನಾಲ್ಕು ಕಿರಿಯ ಪದವಿಗಳನ್ನು ದಾಟಬೇಕಾಗಿದ್ದಿತು. ಅವುಗಳಲ್ಲಿ ಮೂರನೆಯದು ಭೂತೋಚ್ಚಾಟಕನ ಪದವಿ. ಆ ಪದವಿಯನ್ನು ಕೊಡುವಾಗ ಬಿಷಪ್ಪನು ಉಚ್ಚಾಟನಮಂತ್ರಗಳ ಗ್ರಂಥವನ್ನು ಕೈಗೆ ಕೊಡುತ್ತಿದ್ದನು. ಯತಿಗಳಲ್ಲಿ ಬಹುಮಂದಿ ಪಾದ್ರಿಗಳೂ ಆಗಿದ್ದರು. ಹೀಗೆ ಪಡೆದ ಸಂಸ್ಕಾರವು ಎಂದಿಗೂ ಅಳಿಯತಕ್ಕದ್ದಲ್ಲವೆಂದು ಆ ಚರ್ಚಿನ ಸಿದ್ಧಾಂತ. ರಾಜನು ಕಟ್ಟಡದ ಸೀಸವನ್ನು ಕೀಳಿಸಬಹುದು, ಗಂಟೆಗಳನ್ನು ಕರಗಿಸಬಹುದು. ಪಾದ್ರಿಯ ಅಂಗೈಗೆ ಹಚ್ಚಿದ ತೈಲವನ್ನು ಒರಸಿಹಾಕಲಾರನು. ಮಠ ಹೋಯಿತು, ದೀಕ್ಷೆ ಉಳಿಯಿತು. ಹಿಂದೆ ನಡುಕಟ್ಟಿಗಾಗಿ ಮಠದ ಬಾಗಿಲಿಗೆ ಹೋಗುತ್ತಿದ್ದವರು ಈಗ ಊರ ಹೊರಗಿನ ಗುಡಿಸಲಿನಲ್ಲಿದ್ದ ಮುದುಕನಲ್ಲಿಗೆ ಹೋದರೆ ಅದರಲ್ಲಿ ಆಶ್ಚರ್ಯವೇನಿದೆ? ಅವರ ದೃಷ್ಟಿಯಲ್ಲಿ ಅಧಿಕಾರಿಯೂ ಅವನೇ, ಮಂತ್ರವೂ ಅದೇ. ಮಾರ್ಪಟ್ಟುದು ಕ್ರಿಯೆಗೆ ರಾಜ್ಯವು ಕೊಟ್ಟ ಹೆಸರು. ಮಠದೊಳಗೆ ಕರ್ಮವೆನಿಸಿದ್ದುದು ಮಠದ ಹೊರಗೆ ಮಾಟವೆನಿಸಿತು.

ಇದರಿಂದ ಯತಿಗಳೆಲ್ಲರೂ ಶುದ್ಧಕರ್ಮಿಗಳಾಗಿದ್ದರೆಂದು ನಾನು ಹೇಳುವುದಿಲ್ಲ. ಮಠವು ಗಟ್ಟಿಯಾಗಿ ನಿಂತಿದ್ದಾಗಲೇ ಮಂತ್ರವಾದವು ಒಳಗೆ ನುಗ್ಗಿದ್ದುದಕ್ಕೆ ನಾರ್ಫಕ್ ಪ್ರಾಂತದ ಸೇಂಟ್ ಬೆನೆಟ್ಸ್ ಮಠದ ವಿಲಿಯಂ ಸ್ಟೇಪಲ್ಟನ್ ಎಂಬ ಯತಿಯ ಒಪ್ಪಿಗೆಪತ್ರವೇ ಸಾಕ್ಷಿ. ಇದು ಮಠಭಂಗಕ್ಕೆ ಸುಮಾರು ಹತ್ತು ವರ್ಷ ಮೊದಲಿನ ಮಾತು. ಬೆಳಗಿನ ಜಾವದ ಪ್ರಾರ್ಥನೆಗೆ ಏಳದೆ ಮಲಗಿರುತ್ತಿದ್ದ ಈ ಮಹಾರಾಯನು ಪದೇಪದೇ ಶಿಕ್ಷೆಗೆ ಗುರಿಯಾಗುತ್ತಿದ್ದನು. ಆಶ್ರಮದಿಂದ ಬಿಡುಗಡೆ ಬೇಕೆಂದರೆ ಹಣ ತೆತ್ತು ಅನುಮತಿಪತ್ರವನ್ನು ಪಡೆಯಬೇಕು. ಹಣವೆಲ್ಲಿಂದ ಬರಬೇಕು? ಪರಿಚಿತನೊಬ್ಬನು ಭೂತಗಳ ವಿಷಯವಾದ ಎರಡು ಗ್ರಂಥಗಳನ್ನೂ ಒಂದು ಉಂಗುರವನ್ನೂ ಒಂದು ಖಡ್ಗವನ್ನೂ ತಂದುಕೊಟ್ಟನು. ಮಠಾಧಿಪತಿಯಿಂದ ಕೆಲವು ತಿಂಗಳ ಅವಧಿಯನ್ನು ಬೇಡಿ ಪಡೆದು ಯತಿಯು ನಿಧಿ ಹುಡುಕಲು ಹೊರಟನು. ಹಳ್ಳಿಯಿಂದ ಹಳ್ಳಿಗೆ ಅಲೆದನು, ಅಂಜನ ನೋಡುವ ಹುಡುಗನನ್ನು ಕೂರಿಸಿಕೊಂಡು ಪ್ರಯೋಗ ಮಾಡಿದವರೊಡನೆ ಸೇರಿದನು, ನೆಲವನ್ನು ಅಗೆದನು. ನಿಧಿ ಸಿಕ್ಕಲಿಲ್ಲ. ಅದೇ ಪತ್ರದಲ್ಲಿ ಬೇರೆ ಪಾದ್ರಿಗಳು ಓಬೆರಿಯನ್ ಎಂಬ ಭೂತವನ್ನು ಆವಾಹನ ಮಾಡಿದ ಸಂಗತಿಯೂ ಇದೆ. ಆ ಭೂತವು ಬಾಯಿ ಬಿಡಲಿಲ್ಲ. ಏಕೆಂದು ಮತ್ತೊಂದು ಭೂತವನ್ನು ಕೇಳಲು, ಅದು ಕಾರ್ಡಿನಲ್ ವುಲ್ಸಿಯವರಿಗೆ ಕಟ್ಟುಬಿದ್ದಿದೆಯೆಂದು ಉತ್ತರ ಬಂದಿತಂತೆ! ರಾಜ್ಯದ ಮುಖ್ಯಮಂತ್ರಿಯ ದರ್ಪವು ಭೂತಲೋಕದ ವರೆಗೂ ಹಬ್ಬಿದ್ದಿತೆಂದು ಹಳ್ಳಿಯ ಪಾದ್ರಿಗಳು ತಿಳಿದಿದ್ದರು. ಸೇಂಟ್ ಬೆನೆಟ್ಸ್ ಮಠವು ಮಾತ್ರ ವಿಧಿಪೂರ್ವಕವಾಗಿ ರದ್ದಾಗಲೇ ಇಲ್ಲ. ಅದರ ಮಠಾಧಿಪತ್ಯವು ನಾರಿಚ್ಚಿನ ಬಿಷಪ್ಪರಿಗೆ ಸೇರಿಹೋಯಿತು.

ಸ್ಟೇಪಲ್ಟನ್ನನಿಗೆ ಗ್ರಂಥಗಳು ದೊರೆತ ಬಗೆಯನ್ನು ನೋಡಿದೆವು. ಮಠಗಳ ಭಂಡಾರಗಳಲ್ಲಿಯೂ ಅಂತಹವು ಇದ್ದುವು. ಕ್ಯಾಂಟರ್ಬರಿಯ ಸೇಂಟ್ ಅಗಸ್ಟೀನ್ ಮಠದ ಯತಿಗಳು ಮಂತ್ರ, ಯಂತ್ರ, ಗ್ರಹಶಕ್ತಿಗಳ ವಿಷಯವಾದ ಸುಮಾರು 30 ಗ್ರಂಥಗಳನ್ನು ತಲೆತಲಾಂತರದಿಂದ ತಮ್ಮ ಭಂಡಾರಕ್ಕೆ ಕೊಟ್ಟಿದ್ದರೆಂಬುದು ಈಚಿನ ಸಂಶೋಧನೆಯಿಂದ ತಿಳಿದಿದೆ. ಮಠಗಳು ಒಡೆದಾಗ ಭಂಡಾರಗಳೂ ಒಡೆದುವು. ಓಲೆಗಳಿಂದ ದೀಪದ ಕಂಬಗಳನ್ನೂ ಪಾದರಕ್ಷೆಗಳನ್ನೂ ಉಜ್ಜಿದರೆಂದೂ, ದಿನಸಿ ಅಂಗಡಿಯವರಿಗೂ ಸಾಬೂನು ಮಾರುವವರಿಗೂ ಗ್ರಂಥಗಳನ್ನು ಮಾರಿದರೆಂದೂ ಜಾನ್ ಬೇಲ್ ಎಂಬವನು 1549ರಲ್ಲಿ ಮರುಗಿ ಬರೆದಿದ್ದಾನೆ. ಅವನು ಮಠಗಳ ಕಡುವೈರಿ; ಆದರೂ ಗ್ರಂಥಗಳಿಗಾಗಿ ಮರುಗಿದನು. ಉಳಿದ ಹೊತ್ತಗೆಗಳಲ್ಲಿ ಸೇಂಟ್ ಅಗಸ್ಟೀನ್ ಮಠದ ಹಲವು ಪ್ರತಿಗಳು ಎಲಿಜಬೆತ್ ರಾಣಿಯ ಕಾಲದ ಜ್ಯೋತಿಷಿ ಜಾನ್ ಡೀಯ ಕೈಸೇರಿದುವು. ಯತಿಯ ವಿದ್ಯೆಯು ಗೃಹಸ್ಥನ ಪಾಲಾದುದು ಹೀಗೆ.

ಇನ್ನು ರಾಜಶಾಸನದ ವಿಚಾರ. 1542ರಲ್ಲಿ ಆಂಗ್ಲ ಪಾರ್ಲಿಮೆಂಟು ಮಂತ್ರವಾದದ ಮೇಲೆ ಮೊದಲನೆಯ ಶಾಸನವನ್ನು ಮಾಡಿತು. ನಮ್ಮ ತಂತ್ರಗ್ರಂಥಗಳು ಷಟ್ಕರ್ಮಗಳೆಂದು ಶಾಂತಿಯನ್ನೂ ಮಾರಣವನ್ನೂ ಒಂದೇ ಎಣಿಕೆಯಲ್ಲಿ ಹೇಳಿದರೂ ಅವುಗಳಿಗಿರುವ ಅಂತರವನ್ನು ಮರೆಯುವುದಿಲ್ಲ. ಆ ಶಾಸನಕರ್ತರಿಗೆ ಈ ವಿವೇಕವಿರಲಿಲ್ಲ. ಮಂತ್ರದಿಂದ ಒಬ್ಬನನ್ನು ಕೊಂದವನಿಗೂ ಕಳೆದುಹೋದ ವಸ್ತುವನ್ನು ಹುಡುಕಿಕೊಟ್ಟವನಿಗೂ ಮರಣದಂಡನೆಯೇ. ಪಾದ್ರಿಗಳಿಗೆ ಬಹುಕಾಲದಿಂದ ಇದ್ದ ವಿನಾಯಿತಿಯೂ ಈ ಅಪರಾಧಕ್ಕೆ ಸಲ್ಲದಾಯಿತು. 1547ರಲ್ಲಿ ಈ ಶಾಸನವು ರದ್ದಾಗಿ, 1563ರ ವರೆಗೆ ಬೇರೊಂದು ಹುಟ್ಟಲಿಲ್ಲ. ಈ ಹದಿನಾರು ವರ್ಷಗಳ ಕಡೆಗೆ ವಾಚಕರು ವಿಶೇಷವಾಗಿ ಗಮನಕೊಡಬೇಕು. ದತ್ತಿಗಳು ರದ್ದಾದುದೂ ನಾಣ್ಯ ಕೆಟ್ಟುದೂ ಮಠದಿಂದ ಹೊರಟವರು ನಡುವಯಸ್ಸನ್ನು ದಾಟಿದುದೂ ಹೆಚ್ಚುಕಡಮೆ ಈ ಅವಧಿಯಲ್ಲಿಯೇ. ಅಗತ್ಯವೂ ಅವಕಾಶವೂ ಒಂದುಗೂಡಿದುವು. ಲಂಡನ್ನಿನ ವಿಲಿಯಂ ವಿಚರ್ಲಿ ಎಂಬ ದರ್ಜಿಯು 1549ರಲ್ಲಿ ವಿಚಾರಣೆಗೆ ಸಿಕ್ಕಿ, ಕಳುವಾದ ಸೊತ್ತನ್ನು ತಿಳಿಯಲು ಸ್ಫಟಿಕದಲ್ಲಿ ಭೂತವನ್ನು ಕರೆಯುತ್ತಿದ್ದುದಾಗಿ ಒಪ್ಪಿಕೊಂಡು, ದೇಶದಲ್ಲಿ ಇಂತಹ ಮಂತ್ರವಾದಿಗಳು 500ಕ್ಕಿಂತ ಹೆಚ್ಚಾಗಿರುವರೆಂದು ತನ್ನ ಅಂದಾಜನ್ನು ಹೇಳಿದನು. ಅವನು ಹೆಸರಿಸಿದವರಲ್ಲಿ ಪಾದ್ರಿಗಳೂ ಇದ್ದರು. ಆದರೆ ಹೇಳಿದವನು ದರ್ಜಿಯೆಂಬುದನ್ನು ಮರೆಯಬಾರದು.

ಮಠದಿಂದ ಹೊರಬಿದ್ದು ಮಂತ್ರವಾದದ ಆರೋಪಕ್ಕೆ ಸಿಕ್ಕಿದವನೆಂದು ನಿಶ್ಚಯವಾಗಿ ತೋರಿಸಬಹುದಾದವನು ವಿಲಿಯಂ ಬ್ಲೂಮ್‌ಫೀಲ್ಡ್. ತಲೆಬುರುಡೆಗಳಿದ್ದ ಆ ಬರಿ ಮಠದ ಯತಿಯೇ ಇವನು. 1546ರಲ್ಲಿ ಇವನ ಮೇಲೆ ಭೂತಾವಾಹನದ ಆರೋಪ ಬಂದಿತು. ಇವನು ರಸವಾದಿಯೂ ಹೌದು. ರಸವಾದವನ್ನು ಕುರಿತ ಇವನ ಪದ್ಯಗ್ರಂಥವು 1652ರಲ್ಲಿ ಆಷ್ಮೋಲನ ಸಂಕಲನದಲ್ಲಿ ಅಚ್ಚಾಯಿತು. ಕಡೆಗೆ ಇವನು ಸುಧಾರಿತ ಮತದ ಬೋಧಕನೇ ಆದನು. ಯತಿ, ಭೂತಾವಾಹಕ, ರಸವಾದಿ, ಬೋಧಕ ಎಂಬ ನಾಲ್ಕು ವೇಷಗಳು ಒಂದೇ ಜನ್ಮದಲ್ಲಿ! ಇದನ್ನು ಕಪಟವೆನ್ನುವವರು ಅನ್ನಲಿ. ರಾಜಾಜ್ಞೆಯು ಕೆಲವು ವರ್ಷಗಳಿಗೊಮ್ಮೆ ದೇವರ ಪೂಜಾಕ್ರಮವನ್ನು ಬದಲಾಯಿಸುತ್ತಿದ್ದ ದೇಶದಲ್ಲಿ ಬದುಕಿ ಉಳಿಯುವುದೂ ಒಂದು ವಿದ್ಯೆಯೇ ಎಂದು ನನಗೆ ತೋರುತ್ತದೆ.

ಉಚ್ಚಾಟನೆಯನ್ನು ಚರ್ಚಿನಿಂದಲೇ ಉಚ್ಚಾಟಿಸಿದವರಲ್ಲಿ ಒಬ್ಬನು ಹಿಂದೆ ಭಿಕ್ಷುವಾಗಿದ್ದವನೆಂಬುದು ಈ ಕಥೆಯ ಒಂದು ವೈಚಿತ್ರ್ಯ. 1549ರ ಆಂಗ್ಲ ಪ್ರಾರ್ಥನಾಗ್ರಂಥದ ಜ್ಞಾನಸ್ನಾನವಿಧಿಯಲ್ಲಿ, ಶಿಶುವನ್ನು ಬಿಟ್ಟು ತೊಲಗೆಂದು ಅಶುದ್ಧಾತ್ಮಕ್ಕೆ ಆಜ್ಞಾಪಿಸುವ ಮಾತು ಉಳಿದುಕೊಂಡಿದ್ದಿತು. ಜರ್ಮನಿಯಿಂದ ಬಂದು ಕೇಂಬ್ರಿಜ್ಜಿನಲ್ಲಿ ಅಧ್ಯಾಪಕನಾಗಿದ್ದ ಮಾರ್ಟಿನ್ ಬೂಟ್ಸರನು, ಭೂತ ಹಿಡಿದವರಿಗೆ ಸಲ್ಲುವ ವಿಧಿಯು ಎಲ್ಲ ಶಿಶುಗಳಿಗೂ ಸಲ್ಲದೆಂದು ಆಕ್ಷೇಪಿಸಿದನು. ಇವನು ಮೊದಲು ಡೊಮಿನಿಕನ್ ಭಿಕ್ಷು. 1550ರಲ್ಲಿಯೇ ಕಿರಿಯ ಪದವಿಗಳು ಹೋಗಿದ್ದುವು. 1552ರ ಗ್ರಂಥದಲ್ಲಿ ಈ ಮಾತೂ ಹೋಯಿತು. ಜರ್ಮನಿಯಲ್ಲಿ ಹಾಗಾಗಲಿಲ್ಲ, ಯತಿಯಾಗಿದ್ದ ಲೂಥರನು ತನ್ನ ಜ್ಞಾನಸ್ನಾನವಿಧಿಯಲ್ಲಿ ಉಚ್ಚಾಟನೆಯನ್ನು ಉಳಿಸಿಕೊಂಡಿದ್ದನು. 1591ರಲ್ಲಿ ಸ್ಯಾಕ್ಸನಿಯ ಪ್ರಭುವು ಅದನ್ನು ನಿಲ್ಲಿಸಲು ಹೊರಟಾಗ ಡ್ರೆಸ್ಡೆನ್ ನಗರದ ಕಟುಕನೊಬ್ಬನು ಮಾಂಸ ಕಡಿಯುವ ಕತ್ತಿಯನ್ನು ಹಿಡಿದು ಚರ್ಚಿಗೆ ಬಂದು, ಉಚ್ಚಾಟನೆಯಿಲ್ಲದೆ ತನ್ನ ಕೂಸಿಗೆ ಜ್ಞಾನಸ್ನಾನ ಮಾಡಿಸಿದರೆ ಬೋಧಕನ ತಲೆಯನ್ನು ಸೀಳುವೆನೆಂದನಂತೆ. ಆ ತಂದೆಯ ಭಯವನ್ನು ಅರಿಯದವನು ಆಂಗ್ಲದೇಶದ ಹಳ್ಳಿಗರನ್ನೂ ಅರಿಯಲಾರನು. ಅಲ್ಲಿನವರು ಕತ್ತಿ ಹಿಡಿಯಲಿಲ್ಲ. ಹಳೆಯ ಪಾದ್ರಿಯ ಮನೆಯನ್ನು ಹುಡುಕಿಕೊಂಡು ಹೋದರು.

ಸುಧಾರಣೆಯು ಚರ್ಚಿನ ರಕ್ಷಾವಿಧಿಗಳನ್ನು ತೆಗೆದುಹಾಕಿದುದರಿಂದ ಜನರು ಮಂತ್ರವಾದಿಗಳ ಕಡೆಗೆ ತಿರುಗಿದರೆಂದು 1971ರಲ್ಲಿ ಕೀತ್ ಥಾಮಸ್ ಪಂಡಿತರು ವಿಸ್ತಾರವಾಗಿ ಪ್ರತಿಪಾದಿಸಿದರು. ಅದು ಬಹುಮಟ್ಟಿಗೆ ಒಪ್ಪತಕ್ಕುದೇ. ಆದರೆ ಆ ಮಂತ್ರವಾದಿಗಳು ಮಾಜಿ ಯತಿಗಳೇ ಎಂದು ಸಾಧಿಸಹೊರಟವರು ಸಾಕ್ಷಿಗಳ ಪ್ರಾಮಾಣ್ಯವನ್ನು ಪರೀಕ್ಷಿಸಬೇಕು. ಮೇಲೆ ಹೇಳಿದ ಬೇಲನು ಸ್ವತಃ ಕಾರ್ಮಲೈಟ್ ಭಿಕ್ಷುವಾಗಿದ್ದು ಹೊರಬಂದವನು. ತನ್ನ ಹಿಂದಿನ ಸಹವಾಸಿಗಳನ್ನು ಮಾಟಗಾರರೆಂದು ಜರೆಯುವುದು ಅವನಿಗೆ ಪ್ರಾಯಶ್ಚಿತ್ತದಂತಿತ್ತು. ಪೂಜೆಯೇ ಮಾಟವೆಂದು ವಾದಿಸಿದವರ ಲೆಕ್ಕದಲ್ಲಿ, ಮುಚ್ಚಿದ ಬಾಗಿಲ ಹಿಂದೆ ಹಳೆಯ ಪ್ರಾರ್ಥನೆಯನ್ನು ಗೊಣಗುತ್ತಿದ್ದ ಪ್ರತಿಯೊಬ್ಬ ಮುದಿ ಯತಿಯೂ ಮಂತ್ರವಾದಿಯೇ. ವಿರೋಧಿಯ ಈ ಮಾತನ್ನು ಎಣಿಕೆಗೆ ಹಿಡಿದರೆ ಸಂಖ್ಯೆ ಎಷ್ಟಾದರೂ ಬೆಳೆದೀತು. ಹೆಸರು, ಮಠ, ವರ್ಷ ಮೂರೂ ಕೂಡಿಬರುವ ಬ್ಲೂಮ್‌ಫೀಲ್ಡನಂತಹ ಉದಾಹರಣೆಗಳು ವಿರಳ. ಎದುರಿಗೆ ಜಾನ್ ಫೆಕೆನ್‌ಹ್ಯಾಮನ ಉದಾಹರಣೆ ಇದೆ. ಇವನು ಈವ್ಷಾಮ್ ಮಠದ ಯತಿ. ಮೇರಿ ರಾಣಿಯ ಕಾಲದಲ್ಲಿ ವೆಸ್ಟ್‌ಮಿನ್‌ಸ್ಟರಿನ ಕಡೆಯ ಮಠಾಧಿಪತಿ. ಎಲಿಜಬೆತ್ತಳ ಆಳಿಕೆಯಲ್ಲಿ ಬಹುಕಾಲ ಬಂಧನದಲ್ಲಿದ್ದು 1584ರಲ್ಲಿ ತೀರಿಕೊಂಡನು. ಬಾತ್ ನಗರದ ಬಿಸಿನೀರಿನ ಬುಗ್ಗೆಗಳ ಬಳಿ ಬಡರೋಗಿಗಳಿಗೆ ಇಳಿದುಕೊಳ್ಳುವ ಮನೆಯನ್ನು ಕಟ್ಟಿಸಿದನು. ವೈದ್ಯನಿಗೆ ಹಣ ಕೊಡಲಾರದವರಿಗಾಗಿ ಔಷಧಯೋಗಗಳ ಪುಸ್ತಕವೊಂದನ್ನು ಬರೆದಿಟ್ಟನು. ಮಠದ ಚಿಕಿತ್ಸಾವಿದ್ಯೆಯು ಹೊರಗೆ ಹರಿದ ದಾರಿಗಳಲ್ಲಿ ಇದೂ ಒಂದು. ನಿಂದಕರು ಇದನ್ನು ಹೇಳುವುದಿಲ್ಲ.

1563ರ ಶಾಸನವು ತಾರತಮ್ಯವನ್ನು ಕಲಿತಿದ್ದಿತು. ಕೊಂದವನಿಗೆ ಮರಣ; ನಿಧಿಯನ್ನೋ ಕಳೆದ ಸೊತ್ತನ್ನೋ ಹುಡುಕಿದವನಿಗೆ ಮೊದಲ ಸಲ ಒಂದು ವರ್ಷದ ಸೆರೆ. 1584ರಲ್ಲಿ ರೆಜಿನಾಲ್ಡ್ ಸ್ಕಾಟ್ ಎಂಬವನು ಇವೆಲ್ಲವೂ ಮೋಸವೆಂದು ತೋರಿಸುವುದಕ್ಕಾಗಿ ಭೂತಾವಾಹನದ ಪ್ರಯೋಗಗಳನ್ನು ಒಂದೂ ಬಿಡದಂತೆ ಆಂಗ್ಲಭಾಷೆಯಲ್ಲಿ ಅಚ್ಚುಹಾಕಿಸಿದನು. ಲ್ಯಾಟಿನ್ ಬಾರದ ಹಳ್ಳಿಯ ಮಂತ್ರವಾದಿಗಳು ಅದನ್ನೇ ಪ್ರಯೋಗಗ್ರಂಥವಾಗಿ ಇಟ್ಟುಕೊಂಡರು. ಅನುಮತಿಪತ್ರವಿಲ್ಲದೆ ಯಾವ ಬೋಧಕನೂ ಭೂತೋಚ್ಚಾಟನೆ ಮಾಡಕೂಡದೆಂದು ಆಂಗ್ಲ ಚರ್ಚು ತನ್ನ 72ನೆಯ ನಿಯಮದಲ್ಲಿ ವಿಧಿಸಿದುದು 1604ರಲ್ಲಿ. ಆ ವೇಳೆಗೆ, 1540ರಲ್ಲಿ ಇಪ್ಪತ್ತು ವರ್ಷದವನಾಗಿ ಮಠದ ಬಾಗಿಲನ್ನು ದಾಟಿದ್ದವನಿಗೆ ಎಂಬತ್ತನಾಲ್ಕು ತುಂಬಿರಬೇಕು.