ಹಲಗಲಿಯಿಂದ ಹೊಲದ ಬಂದೂಕಿನ ತನಕ

ಹಲಗಲಿ ಬೇಡರ ಲಾವಣಿ ಕೇಳದವರು ನಮ್ಮ ಕಡೆ ಕಡಿಮಿ. 1857ರಾಗ ಹತಾರ ಒಪ್ಪಿಸ್ರಿ ಅಂತ ಬ್ರಿಟಿಷರು ಕಾಯ್ದೆ ತಂದರು. ಬೇಡರು ಕೊಡಂಗಿಲ್ಲ ಅಂದರು. ದಂಡು ಬಂದು ಊರಿಗೆ ಬೆಂಕಿ ಹಚ್ಚಿತು, ಸಿಕ್ಕವರನ್ನ ಗಲ್ಲಿಗೆ ಹಾಕಿದರು. 1878ರ ಕಾಯ್ದೆಯಿಂದ ಲೈಸೆನ್ಸ್ ಪದ್ಧತಿ ಗಟ್ಟಿ ಆಯ್ತು. ಈಗ ನಡೆಯೋದು ಸ್ವಾತಂತ್ರ್ಯ ಬಂದ ಮ್ಯಾಲಿನ 1959ರ ಆಯುಧ ಕಾಯ್ದೆ.

ಬೆಳೆ ಕಾಯಾಕ ಲೈಸೆನ್ಸ್ ಬಂದೂಕ ಇಟ್ಟವರು ಇದರಾಗ ಮೂರು ಮಾತು ನೆನಪಿಡ್ರಿ.

ಒಂದು, ಬಂದೂಕಿನ ಮ್ಯಾಲಿನ ನಂಬರ್. ಅದನ್ನ ಅಳಿಸಿದ್ದು ನಿಮ್ಮ ಕೈಯಾಗ ಸಿಕ್ಕರ ನೀವೇ ಅಳಿಸೀರಿ ಅಂತ ಕಾಯ್ದೆ ಹಿಡಿತೈತಿ. ಅಲ್ಲ ಅಂತ ತೋರಿಸೋ ಹೊರೆ ನಿಮ್ಮದೇ. ಹಳೇದು ಕೊಳ್ಳೋ ಮುಂಚೆ ನಂಬರನ್ನ ಲೈಸೆನ್ಸಿಗೆ ತಾಳೆ ಹಾಕ್ರಿ.

ಎರಡು, ಮಾರೋದಿದ್ರ ಜಿಲ್ಲಾ ಮ್ಯಾಜಿಸ್ಟ್ರೇಟರಿಗೆ ಇಲ್ಲಾ ಠಾಣೆಗೆ ಬರದು ಕೊಟ್ಟು 45 ದಿನ ಕಾಯಬೇಕು.

ಮೂರು, ಕಳುವಾದ್ರ ತಡ ಮಾಡದ ಹತ್ತಿರದ ಠಾಣೆಗೆ ತಿಳಿಸಬೇಕು. ಇದು ಲೈಸೆನ್ಸಿನ ಷರತ್ತು. ಮರ್ಯಾದಿ ಹೋಗ್ತೈತಿ, ಲೈಸೆನ್ಸ್ ಹೋಗ್ತೈತಿ ಅಂತ ಸುಮ್ಮನ ಕುಂದ್ರಬ್ಯಾಡ್ರಿ. ಕದ್ದಾಂವ ಎಲ್ಲೋ ಗುಂಡು ಹಾರಿಸಿದ್ರ ಪೊಲೀಸರು ನಂಬರ್ ಹಿಡದು ಮೊದಲು ಬರೋದು ನಿಮ್ಮ ಮನಿಗೆ. ಕೊಟ್ಟ ದೂರಿನ ನಕಲು ಪ್ರತಿ ಜ್ವಾಕಿಯಿಂದ ಇಟ್ಟುಕೊಳ್ರಿ.