ಕಾಡು ಖಾಲಿ ಮಾಡಿ ತೋಳ ಉಳಿಸಿದವರು

ಒಂದು ಪ್ರಾಣಿಯನ್ನು ಉಳಿಸಬೇಕು ಅಂತ ಹೊರಟವರು ಏನು ಮಾಡ್ತಾರೆ? ಕಾಡಿಗೆ ಬೇಲಿ ಹಾಕ್ತಾರೆ, ಗಾರ್ಡ್‌ಗಳನ್ನು ನೇಮಿಸ್ತಾರೆ, ಬೇಟೆಗಾರರನ್ನು ಹಿಡಿದು ಒಳಗೆ ಹಾಕ್ತಾರೆ. ಆದರೆ ಅಮೆರಿಕದಲ್ಲಿ 1970ರ ದಶಕದಲ್ಲಿ ಇದಕ್ಕೆ ಪೂರ್ತಿ ಉಲ್ಟಾ ನಡೆಯಿತು. ಕೆಂಪು ತೋಳವನ್ನು ಉಳಿಸಲು ಹೋದ ಸರ್ಕಾರಿ ವಿಜ್ಞಾನಿಗಳು, ಕಾಡಿನಲ್ಲಿ ಸಿಕ್ಕಿದ್ದನ್ನೆಲ್ಲ ಹಿಡಿದು ಹೊರಗೆ ತಂದರು. ಬೇಕೆಂದೇ ಕಾಡನ್ನು ಖಾಲಿ ಮಾಡಿದರು. ಮೃಗಾಲಯ ಅಂದರೆ ಜೈಲು ಅನ್ನುವವರೂ, ಮೃಗಾಲಯ ಇಲ್ಲದಿದ್ದರೆ ಪ್ರಾಣಿಗಳೇ ಇರುತ್ತಿರಲಿಲ್ಲ ಅನ್ನುವವರೂ ಈ ಕಥೆಯನ್ನು ಒಮ್ಮೆ ಪೂರ್ತಿ ಕೇಳಬೇಕು ಅನ್ನೋದು ನನ್ನ ಆಸೆ.

ಕೆಂಪು ತೋಳ ಬೂದು ತೋಳಕ್ಕಿಂತ ಚಿಕ್ಕದು. ಕಯೋಟಿ ಅಂತ ಅಲ್ಲಿ ನರಿಯಂಥ ಒಂದು ಪ್ರಾಣಿ ಇದೆ, ಅದಕ್ಕಿಂತ ದೊಡ್ಡದು. ಕಿವಿಯ ಹಿಂಭಾಗ, ಕುತ್ತಿಗೆ, ಕಾಲುಗಳಲ್ಲಿ ಕೆಂಪು ಛಾಯೆ. ಒಂದು ಕಾಲಕ್ಕೆ ಅಮೆರಿಕದ ಆಗ್ನೇಯ ಭಾಗದ ತುಂಬಾ ಇತ್ತು. ಆಮೇಲೆ ತೋಳದ ತಲೆಗೆ ಬಹುಮಾನ ಕಟ್ಟಿದರು. ವಿಷ, ಉರುಳು, ಬಂದೂಕು ಎಲ್ಲಾ ಬಂತು. ಕಾಡು ಕಡಿದು ಹೊಲ ಮಾಡಿದರು. 1960ರ ದಶಕದ ಹೊತ್ತಿಗೆ ಟೆಕ್ಸಾಸ್ ಮತ್ತು ಲೂಸಿಯಾನದ ಕರಾವಳಿಯ ಜೌಗು ನೆಲದಲ್ಲಿ ಬೆರಳೆಣಿಕೆಯಷ್ಟು ಮಾತ್ರ ಉಳಿದಿದ್ದವು. ಅವುಗಳಿಗೂ ಮೈತುಂಬಾ ಕಜ್ಜಿ, ಹೊಟ್ಟೆಯಲ್ಲಿ ಹುಳ.

ಗುಂಡಿಗಿಂತ ದೊಡ್ಡ ಆಪತ್ತು ಇನ್ನೊಂದಿತ್ತು. ಜೋಡಿ ಸಿಗದ ತೋಳಗಳು ಪಶ್ಚಿಮದಿಂದ ಬಂದ ಕಯೋಟಿಗಳ ಜೊತೆ ಕೂಡತೊಡಗಿದವು. ಹುಟ್ಟಿದ ಮರಿ ತೋಳವೂ ಅಲ್ಲ, ಕಯೋಟಿಯೂ ಅಲ್ಲ. ಹೀಗೇ ಬಿಟ್ಟರೆ ಕೊಲ್ಲುವವರೇ ಬೇಡ, ಕೆಲವು ತಲೆಮಾರಿನಲ್ಲಿ ಕೆಂಪು ತೋಳ ಕರಗಿ ಹೋಗುತ್ತಿತ್ತು. (ನಮ್ಮಲ್ಲೂ ಬಯಲುಸೀಮೆಯ ತೋಳ ಬೀದಿನಾಯಿಯ ಜೊತೆ ಬೆರೆಯುತ್ತಿದೆ ಅಂತ ವಿಜ್ಞಾನಿಗಳು ಎಚ್ಚರಿಸ್ತಿದ್ದಾರೆ. ಆ ಸುದ್ದಿಗೆ ಟಿಆರ್‌ಪಿ ಇಲ್ಲ, ಅದು ಬೇರೆ ಮಾತು.)

ಹಾಗಾಗಿ ಕಠಿಣ ತೀರ್ಮಾನವಾಯಿತು: ಹಿಡಿಯೋಣ, ಶುದ್ಧವಾದದ್ದನ್ನು ಆರಿಸೋಣ, ಮೃಗಾಲಯದಲ್ಲಿ ಬೆಳೆಸೋಣ. 1973ರಲ್ಲಿ ವಾಷಿಂಗ್ಟನ್ ರಾಜ್ಯದ ಟಕೋಮಾದ ಪಾಯಿಂಟ್ ಡಿಫಯನ್ಸ್ ಮೃಗಾಲಯ ಆ ಹೊಣೆ ಹೊತ್ತಿತು. ಮುಂದಿನ ಏಳು ವರ್ಷದಲ್ಲಿ ಹಿಡಿದದ್ದು 400ಕ್ಕೂ ಹೆಚ್ಚು ಪ್ರಾಣಿಗಳನ್ನು. ಆಗ ಇವತ್ತಿನ ಡಿಎನ್‌ಎ ಪರೀಕ್ಷೆ ಎಲ್ಲಿತ್ತು? ತಲೆಬುರುಡೆ ಅಳೆದರು, ಎಕ್ಸ್‌ರೇ ತೆಗೆದರು, ಊಳಿಡುವ ದನಿಯನ್ನು ರೆಕಾರ್ಡ್ ಮಾಡಿ ಹೋಲಿಸಿದರು. ಪಾಸಾದದ್ದು 43. ಅವುಗಳ ಮರಿಗಳನ್ನೂ ನೋಡಿ ಮತ್ತೆ ಜಾಲಾಡಿದಾಗ 17. ಅದರಲ್ಲಿ ಸಂತಾನ ಬೆಳೆಸಿದ್ದು 14. ಇವತ್ತು ಕಾರ್ಯಕ್ರಮದಲ್ಲಿರುವ ಒಂದೊಂದು ಕೆಂಪು ತೋಳವೂ ಆ 14ರ ವಂಶದ್ದು. 1980ರಲ್ಲಿ ಸರ್ಕಾರ ಘೋಷಿಸಿತು: ಕಾಡಿನಲ್ಲಿ ಕೆಂಪು ತೋಳ ನಿರ್ನಾಮವಾಗಿದೆ.

ಹದಿನಾಲ್ಕು ಅಂದರೆ ಒಂದು ಮಿನಿ ಬಸ್ಸೂ ತುಂಬಲ್ಲ. ಅಷ್ಟರಿಂದ ವಂಶ ಬೆಳೆಸುವಾಗ ಅಣ್ಣ-ತಂಗಿ ಸಂಬಂಧ ತಪ್ಪಿಸೋದು ಹೇಗೆ? ಅದಕ್ಕೇ ವಂಶಾವಳಿಯ ಪುಸ್ತಕ ಇಟ್ಟರು. ನಮ್ಮ ಹಿರಿಯರು ಗೋತ್ರ ನೋಡಿ ಸಂಬಂಧ ಕುದುರಿಸ್ತಾರಲ್ಲ, ಹಾಗೆ. ಯಾವ ಗಂಡು ಯಾವ ಊರಿನ ಮೃಗಾಲಯದ ಯಾವ ಹೆಣ್ಣಿನ ಜೊತೆ ಅಂತ ಪ್ರತಿ ವರ್ಷ ಲೆಕ್ಕ ಹಾಕಿ, ತೋಳಗಳನ್ನು ಊರಿಂದೂರಿಗೆ ಸಾಗಿಸ್ತಾರೆ. ಸಾಕುವವರು ಅವುಗಳನ್ನು ಮುದ್ದು ಮಾಡೋ ಹಾಗಿಲ್ಲ. ಮನುಷ್ಯನ ಹೆದರಿಕೆ ಹೋದ ತೋಳ ನಾಳೆ ಯಾರದೋ ಹಿತ್ತಲಿಗೆ ನುಗ್ಗಿ ಗುಂಡು ತಿನ್ನುತ್ತದೆ. ಟಿಕೆಟ್ ತಗೊಂಡು ನೋಡುವ ನಮಗೆ ಕಾಣದ ಮೃಗಾಲಯ ಇದು.

1987ರ ಸೆಪ್ಟೆಂಬರ್‌ನಲ್ಲಿ ನಾಲ್ಕು ಜೋಡಿಗಳನ್ನು ಉತ್ತರ ಕೆರೊಲಿನಾದ ಅಲಿಗೇಟರ್ ರಿವರ್ ಅಭಯಾರಣ್ಯಕ್ಕೆ ಬಿಟ್ಟರು. ಅಲ್ಲಿಗೆ ಆಗಿನ್ನೂ ಕಯೋಟಿ ಬಂದಿರಲಿಲ್ಲ. ಮರುವರ್ಷವೇ ಕಾಡಿನಲ್ಲಿ ಮರಿ ಹುಟ್ಟಿತು. ಗ್ರೇಟ್ ಸ್ಮೋಕಿ ಬೆಟ್ಟಗಳಲ್ಲಿ 1991ರಲ್ಲಿ ಶುರು ಮಾಡಿದ ಇನ್ನೊಂದು ಪ್ರಯತ್ನ ಮಾತ್ರ ಮರಿಗಳು ಬದುಕದೆ 1998ರಲ್ಲಿ ನಿಂತುಹೋಯಿತು. ಅಲಿಗೇಟರ್ ರಿವರ್‌ನಲ್ಲಿ 2002ರಿಂದ ಇನ್ನೊಂದು ಉಪಾಯ: ಮೃಗಾಲಯದಲ್ಲಿ ಹುಟ್ಟಿದ ಕಣ್ಣು ಬಿಡದ ಮರಿಗಳನ್ನು ತಂದು ಕಾಡಿನ ತಾಯಿಯ ಗೂಡಿನಲ್ಲಿ ಸೇರಿಸೋದು. ತಾಯಿ ತನ್ನದು, ಪರರದು ಅಂತ ನೋಡಲಿಲ್ಲ, ಸಾಕಿಕೊಂಡಳು. ಕಾಡಿನ ತೋಳಗಳ ಸಂಖ್ಯೆ ನೂರು ದಾಟಿತು.

ಆಮೇಲೆ? ಕಯೋಟಿ ಅಲ್ಲಿಗೂ ಬಂತು. ಕಯೋಟಿ ಅಂದುಕೊಂಡು ಹೊಡೆದವರುಂಟು, ಗೊತ್ತಿದ್ದೇ ಹೊಡೆದವರೂ ಉಂಟು. ಜಮೀನುದಾರರು ತಿರುಗಿಬಿದ್ದರು, ರಾಜ್ಯದ ವನ್ಯಜೀವಿ ಆಯೋಗವೇ ಯೋಜನೆ ನಿಲ್ಲಿಸಿ ಅಂದಿತು. 2015ರಲ್ಲಿ ಕೇಂದ್ರ ಇಲಾಖೆ ಹೊಸ ತೋಳ ಬಿಡೋದನ್ನು ನಿಲ್ಲಿಸಿತು. 2020ರ ಹೊತ್ತಿಗೆ ಕಾಲರ್ ಹಾಕಿ ಗುರುತಿಟ್ಟ ತೋಳಗಳು ಹತ್ತರ ಒಳಗೆ! ಮೂವತ್ತು ವರ್ಷದ ದುಡಿಮೆ ನೀರಲ್ಲಿ ಹೋಮ. ಪರಿಸರ ಸಂಘಟನೆಗಳು ಕೋರ್ಟಿಗೆ ಹೋದವು. 2021ರ ಜನವರಿಯಲ್ಲಿ ನ್ಯಾಯಾಲಯ ಮತ್ತೆ ತೋಳ ಬಿಡುವಂತೆ ಆದೇಶಿಸಿತು.

ಬಿಡೋದಕ್ಕೆ ತೋಳ ಎಲ್ಲಿಂದ ಬಂತು ಹೇಳಿ? ಮೃಗಾಲಯದಿಂದಲೇ. ಹಲವು ಕಡೆ ಹಂಚಿಕೊಂಡು 200ಕ್ಕೂ ಹೆಚ್ಚು ತೋಳಗಳನ್ನು ಸಾಕಿಟ್ಟಿದ್ದರಿಂದ ಆ ಆದೇಶಕ್ಕೆ ಅರ್ಥ ಬಂತು. 2022ರಲ್ಲಿ, ನಾಲ್ಕು ವರ್ಷದ ನಂತರ, ಕಾಡಿನಲ್ಲಿ ಆರು ಮರಿಗಳು ಹುಟ್ಟಿದವು. ಹಾಗಂತ ಮೃಗಾಲಯಕ್ಕೆ ಹಾರ ಹಾಕಿ ಸುಮ್ಮನಾಗೋಕೆ ನಾನು ತಯಾರಿಲ್ಲ. ಅರ್ಧ ಶತಮಾನ ಕಳೆದರೂ ಬಹುಪಾಲು ಕೆಂಪು ತೋಳಗಳು ಬೇಲಿಯೊಳಗೇ ಇವೆ. ಅವುಗಳನ್ನು ಅಲ್ಲಿ ಇಟ್ಟಿರೋದು ಮೃಗಾಲಯ ಅಲ್ಲ, ಹೊರಗಿನ ಬಂದೂಕು ಮತ್ತು ರಾಜಕೀಯ. ನಮ್ಮ ಮೇಲುಕೋಟೆಯಲ್ಲಿ 1974ರಲ್ಲೇ ತೋಳಕ್ಕಾಗಿ ಅಭಯಧಾಮ ಮಾಡಿದರು. ನೆಲ ಉಳಿದಿದ್ದಾಗ ಅದು ಅಗ್ಗದ ದಾರಿ. ಅಮೆರಿಕದವರಿಗೆ ಆ ದಾರಿ ಆಗಲೇ ಮುಚ್ಚಿಹೋಗಿತ್ತು.

ಕೊನೆಗೊಂದು ಸಂಗತಿ. 2018ರಲ್ಲಿ ಟೆಕ್ಸಾಸ್‌ನ ಗ್ಯಾಲ್ವೆಸ್ಟನ್ ದ್ವೀಪದಲ್ಲಿ, ರಸ್ತೆಯಲ್ಲಿ ವಾಹನಕ್ಕೆ ಸಿಕ್ಕು ಸತ್ತ ಕಯೋಟಿಯಂಥ ಪ್ರಾಣಿಗಳ ಡಿಎನ್‌ಎ ಪರೀಕ್ಷಿಸಿದರು. ಅವುಗಳಲ್ಲಿ ಕೆಂಪು ತೋಳದ ವಂಶವಾಹಿ ಇತ್ತು. ಅಷ್ಟೇ ಅಲ್ಲ, ಮೃಗಾಲಯದ ತೋಳಗಳಲ್ಲಿ ಎಲ್ಲೂ ಕಾಣದ ಅಂಶಗಳೂ ಇದ್ದವು. ಅಂದರೆ ಅಂದು ಬಲೆಗೆ ಸಿಗದೆ ಉಳಿದವುಗಳದ್ದೋ, ಬುರುಡೆಯ ಅಳತೆಯಲ್ಲಿ ಫೇಲಾದವುಗಳ ಬಳಗದ್ದೋ ರಕ್ತ, ಬೀಚ್ ರಸ್ತೆಗಳ ಪಕ್ಕದಲ್ಲಿ ಇನ್ನೂ ಓಡಾಡಿಕೊಂಡಿದೆ.