ಜಬಾಬ

ಬೆಲ್ಲದ ಬಾಗೇವಾಡಿ ಕಡೆ 'ಹೇಳಿಕೆ' ಎಂಬುದು ಕಾಗದದ ಮಾತು. ಜನರ ಬಾಯಲ್ಲಿರುವುದು ಜಬಾಬ. 'ಹುಕ್ಕೇರಿಗೆ ಹೋಗಿ ಜಬಾಬ ಕೊಟ್ಟ ಬಂದ್ನಿ' ಅಂದರೆ ಯಾರೂ ಬಿಡಿಸಿ ಕೇಳುವುದಿಲ್ಲ. 1956ರವರೆಗೆ ಮುಂಬಯಿ ರಾಜ್ಯದಲ್ಲಿದ್ದ ಸೀಮೆ ಇದು. ಉತಾರ, ಪಂಚನಾಮೆ, ಫಿರ್ಯಾದಿಗಳ ಜೊತೆ ಜಬಾಬವೂ ಮರಾಠಿಯ ಕೈ ಹಿಡಿದು ಬಂತು. ಮೂಲ ಅರಬ್ಬಿ, ಅರ್ಥ ಉತ್ತರ. ಜವಾಬ್ದಾರಿಯೂ ಇದೇ ಬೇರಿನದು.

ಉತ್ತರ ಅಂದಮೇಲೆ ಪ್ರಶ್ನೆ ಇರಬೇಕಲ್ಲ? ಕಚೇರಿಯಲ್ಲಿ ಬರೆದಿಟ್ಟ ಜಬಾಬ ತೆಗೆದು ನೋಡಿ: 'ಮೇಲೆ ನಮೂದಿಸಿದ ವಿಳಾಸದಲ್ಲಿ ವಾಸವಾಗಿದ್ದು, ಒಕ್ಕಲುತನ ಮಾಡಿಕೊಂಡು ಉಪಜೀವಿಸುತ್ತೇನೆ...' ಕೇಳಿದವರ ಪ್ರಶ್ನೆ ಒಂದೂ ಉಳಿದಿರುವುದಿಲ್ಲ. ಆ ಮನುಷ್ಯ ತಾನಾಗಿಯೇ ಬಂದು, ಎಲ್ಲೂ ತಡವರಿಸದೆ, 'ಸದರಿ', 'ಮೇಲ್ಕಂಡ' ಎನ್ನುತ್ತ ಒಪ್ಪಿಸಿದ ಹಾಗೆ. ಕೊನೆಗೆ 'ಓದಿ ಹೇಳಿ ಕೇಳಿಸಲಾಯಿತು, ಸರಿ ಇರುತ್ತದೆ'. ಓದಿದವರು ಯಾರು? ವಾಕ್ಯದಲ್ಲಿ ಕರ್ತೃವೇ ಇಲ್ಲ. ಕೆಳಗಿನ ಹೆಬ್ಬೆಟ್ಟಿಗೆ ಮಾತ್ರ ಒಡೆಯರಿದ್ದಾರೆ.

2019ರ ಆಗಸ್ಟಿನಲ್ಲಿ ಘಟಪ್ರಭೆ ಉಕ್ಕಿ ಗೋಕಾಕಕ್ಕೇ ನುಗ್ಗಿದಾಗ ಈ ಭಾಗದಲ್ಲೆಲ್ಲ ಮಣ್ಣಿನ ಮನೆಗಳು ಕುಸಿದವು. 'ಒಂದ ಗ್ವಾಡಿ ಬಿದ್ದೈತ್ರೀ, ಉಳದದ್ದು ಇವತ್ತ ನಾಳೆ ಅಂತೈತಿ, ಒಳಗ ಮಲಗಾಕ ಜೀವ ಒಲ್ಲದು' ಎಂಬಂಥ ಮಾತು ಪಂಚನಾಮೆಗೆ ಇಳಿಯುವಾಗ 'ಗೋಡೆ ಭಾಗಶಃ ಕುಸಿದಿರುತ್ತದೆ' ಎಂದಾಗುತ್ತದೆ. ಸುಳ್ಳೇನಲ್ಲ. ಆದರೆ ಆ ಸಲ ಪೂರ್ತಿ ಹಾನಿಯಾದ 'ಎ' ವರ್ಗದ ಮನೆಗೆ 5 ಲಕ್ಷ ರೂಪಾಯಿ, ಅಲ್ಪಸ್ವಲ್ಪ ಹಾನಿಯ 'ಸಿ' ವರ್ಗಕ್ಕೆ 50 ಸಾವಿರ. 'ಭಾಗಶಃ' ಎಂಬ ಒಂದು ಪದದ ತೂಕ ಅಷ್ಟು. ಮಲಗಲು ಒಲ್ಲದ ಜೀವಕ್ಕೆ ಆ ನಮೂನೆಯಲ್ಲಿ ಕಾಲಮ್ಮೇ ಇಲ್ಲ. ಬರೆಯುವ ತಲಾಠಿ ಕೆಟ್ಟವರೆಂದು ನಾನು ಹೇಳುವುದಿಲ್ಲ. ಅವರಿಗೂ ಮೇಲಿನವರಿಗೆ ಜಬಾಬ ಕೊಡುವುದಿದೆ. ಹಾಗೆಂದು ಹೇಳಿದವರ ಮಾತನ್ನು ಹೇಳಿದವರಿಂದಲೇ ಕಸಿದುಕೊಳ್ಳುವುದು ನ್ಯಾಯವಲ್ಲ.

ಊರಲ್ಲಿ ಇದೇ ಶಬ್ದಕ್ಕೆ ಬೇರೆಯೇ ಘನತೆ. 'ನಾಳೆ ದೇವರ ಮುಂದ ಜಬಾಬ ಹೇಳಬೇಕಾಗ್ತೈತಿ' ಎನ್ನುವಾಗ ಕೇಳುವವನೂ ಇದ್ದಾನೆ, ಹೇಳುವವನೂ ಇದ್ದಾನೆ.

ಅದಕ್ಕೇ ಇಷ್ಟು ಹೇಳಬೇಕಾಯಿತು. ಪಂಚನಾಮೆಗೆ ಹೆಬ್ಬೆಟ್ಟು ಒತ್ತುವ ಮೊದಲು ಪೂರ್ತಿ ಓದಿಸಿ ಕೇಳಿ. ನಿಮ್ಮ ಮಾತು ಬಿಟ್ಟುಹೋಗಿದ್ದರೆ ಸೇರಿಸಿ ಅನ್ನಿ. ತನಿಖೆಯಲ್ಲಿ ಪೊಲೀಸರು ಬರೆದುಕೊಳ್ಳುವ ಜಬಾಬಕ್ಕೆ ನಿಮ್ಮ ಸಹಿ ಬೇಕಿಲ್ಲ. 2024ರ ಜುಲೈ 1ರಂದು ಜಾರಿಗೆ ಬಂದ ಹೊಸ ದಂಡ ಪ್ರಕ್ರಿಯಾ ಸಂಹಿತೆಯೂ ಇದನ್ನು ಹಾಗೇ ಉಳಿಸಿದೆ. ಫಿರ್ಯಾದಿಗೆ ಮಾತ್ರ ಸಹಿ ಬೇಕು, ಅದರ ಪ್ರತಿಯನ್ನು ಪುಕ್ಕಟೆ ಕೊಡಬೇಕು. ಕೇಳಿ ಪಡೆಯಿರಿ.